ಜಪಾನಿನ ಗೆರೆ, ಅವ್ವನ ಬೆನ್ನು

ಈಚೆಗೆ ನಮ್ಮ ಮನೆಯ ಬಾಗಿಲಲ್ಲಿ ಒಂದು ಸಮುದ್ರ ಬಿದ್ದಿದೆ. ಗಾಬರಿಯಾಗಬೇಡಿ, ಬಳ್ಳಾರಿಗೆ ಸಮುದ್ರ ಬರುವಷ್ಟು ಕಾಲ ಇನ್ನೂ ಕೆಟ್ಟಿಲ್ಲ. ನನ್ನ ಹೆಂಡತಿ ಸರೋಜಾ ತೊಗರಿಬೇಳೆ ತರಲು ಬ್ರೂಸ್‌ಪೇಟೆಗೆ ಹೋಗಿದ್ದಳು. ಹೋದ ಕೆಲಸವನ್ನಷ್ಟೇ ಮುಗಿಸಿ ಬಂದರೆ ಅವಳು ಸರೋಜಾ ಹೇಗಾದಾಳು? ಬೇಳೆಯ ಜೊತೆಗೆ ಒಂದು ಕಾಲೊರಸನ್ನೂ ತಂದಳು. ಅದರ ಮೇಲೆ ಆ ಅಲೆ. ನೀವೂ ನೋಡಿರುತ್ತೀರಿ. ಉಗುರು ಚಾಚಿದ ಹಾಗೆ ನೊರೆ ಚಾಚಿ ನಿಂತ ದೊಡ್ಡ ನೀಲಿ ಅಲೆ, ಅದರಡಿ ಉದ್ದುದ್ದ ದೋಣಿಗಳು, ದೂರದಲ್ಲಿ ಪಾಪದ್ದೊಂದು ಹಿಮದ ಬೆಟ್ಟ. ಜಪಾನಿನವರು ಮರದ ಹಲಗೆಯಲ್ಲಿ ಕೆತ್ತಿ, ಬಣ್ಣ ಬಳಿದು, ಕಾಗದದ ಮೇಲೆ ಅಚ್ಚೊತ್ತಿದ ಚಿತ್ರ ಅದು. ಈಗ ಮೊಬೈಲ್ ಕವರಿನ ಮೇಲೂ ಅದೇ, ಟೀ ಶರ್ಟಿನ ಮೇಲೂ ಅದೇ. ಕಾಲೊರಸಿನ ಮೇಲೆ ಮಾತ್ರ ನೋಡಿರಲಿಲ್ಲ.

ನಾನು ಕುರುಗೋಡಿನ ಒಂದು ಸಾಲೆಯಲ್ಲಿ ಡ್ರಾಯಿಂಗ್ ಮಾಸ್ತರ. ಬೆಳಿಗ್ಗೆ ಬಸ್ಸಿನಲ್ಲಿ ನಿಂತು ಹೋಗುವುದು, ಸಂಜೆ ಬಸ್ಸಿನಲ್ಲಿ ನಿಂತು ಬರುವುದು, ನಡುವೆ ಮಕ್ಕಳಿಗೆ ಮಾವಿನಕಾಯಿ ಬರೆಯಲು ಹೇಳಿಕೊಡುವುದು. ಇಷ್ಟರಲ್ಲೇ ಆಯುಷ್ಯ ಮುಗಿಯುತ್ತ ಬಂತು. ಈ ವರ್ಷ ನಿವೃತ್ತಿ. ಅವತ್ತು ಸಂಜೆ ಬಸ್ಸಿಳಿದು, ಮೈಯೆಲ್ಲ ಕೆಂಪು ಧೂಳಾಗಿ, ಜೀವ ಹಿಡಿಯಷ್ಟಾಗಿ ಮನೆಗೆ ಬಂದರೆ ಬಾಗಿಲಲ್ಲಿ ಸಾಕ್ಷಾತ್ ಆ ಅಲೆ. ಅಲ್ಲೇ ನಿಂತುಬಿಟ್ಟೆ.

"ಯಾಕ್ರೀ, ಹೊರಗ ನಿಂತ್ರಿ? ಕಾಲು ಒರಸ್ಕೊಂಡು ಒಳಗ ಬರ್ರಿ" ಎಂದಳು ಸರೋಜಾ.

"ಇದರ ಮ್ಯಾಲೆ ಹ್ಯಾಂಗ ಒರಸಾಕಾಗತೈತಿ? ಇದು ಯಾವ ಚಿತ್ರ ಗೊತ್ತೈತೇನು ನಿನಗ?"

"ಚಿತ್ರ ಯಾರು ನೋಡ್ಯಾರ? ಬಿಳೇದು ಇತ್ತು, ನಿಮ್ಮ ಕಾಲಿನ ಧೂಳು ಎದ್ದು ಕಾಣತೈತಿ ಅಂತ ಬಿಟ್ಟೆ. ನೀಲೀದು ಹೊಲಸು ನುಂಗ್ಕೊಂತೈತಿ."

ಇಡೀ ಯುರೋಪು ಯಾವ ಚಿತ್ರದ ಮುಂದೆ ಬಾಯಿ ಬಿಟ್ಟು ನಿಂತಿತ್ತೋ ಅದರ ಬಗ್ಗೆ ನಮ್ಮ ಮನೆಯಲ್ಲಿ ಆದ ವಿಮರ್ಶೆ ಇಷ್ಟೇ. ನನಗೆ ಅದನ್ನು ತುಳಿಯಲು ಮನಸ್ಸಾಗಲಿಲ್ಲ, ಅವಳಿಗೆ ಅದನ್ನು ತೆಗೆಯಲು ಮನಸ್ಸಾಗಲಿಲ್ಲ. ಹಾಗಾಗಿ ಮೊಣಕಾಲು ನೋವಿನ ನಾನು ದಿನಕ್ಕೆರಡು ಬಾರಿ ಬಾಗಿಲ ಚೌಕಟ್ಟು ಹಿಡಿದು ಸಮುದ್ರೋಲ್ಲಂಘನ ಮಾಡುತ್ತೇನೆ. ಹನುಮಪ್ಪ ಒಮ್ಮೆ ಹಾರಿದ್ದಕ್ಕೇ ಊರೂರಲ್ಲಿ ಗುಡಿ. ನನಗೆ ಒಂದು ಲೋಟ ಚಹಾ ಸಿಗುತ್ತದೆ, ಅದೂ ಕೇಳಿದರೆ.

ಜಪಾನಿನ ಚಿತ್ರ ನನಗೆ ಮೊದಲು ಸಿಕ್ಕಿದ್ದು ಮಿರ್ಚಿಯ ಜೊತೆಗೆ. ನಾನಾಗ ಹಳೆ ಬಳ್ಳಾರಿಯ ಒಂದು ಓಣಿಯಲ್ಲಿ ಬಾಡಿಗೆ ರೂಮು ಹಿಡಿದು ಡ್ರಾಯಿಂಗ್ ಪರೀಕ್ಷೆಗೆ ಓದುತ್ತಿದ್ದೆ. ಓದುವುದೇನು ಬಂತು, ಗೀಚುತ್ತಿದ್ದೆ. ಬೆಳಗಿನ ಊಟ ಒಗ್ಗರಣೆ ಮಿರ್ಚಿ, ರಾತ್ರಿಯ ಊಟ ಬೆಳಿಗ್ಗೆ ಉಳಿದ ಮಿರ್ಚಿ. ಒಂದು ದಿನ ಅಂಗಡಿಯವನು ಮಿರ್ಚಿ ಕಟ್ಟಿಕೊಟ್ಟ ಕಾಗದ ಯಾವುದೋ ಇಂಗ್ಲಿಷ್ ಪತ್ರಿಕೆಯ ಹಾಳೆ. ಎಣ್ಣೆ ಇಳಿದು ಅರ್ಧ ಪಾರದರ್ಶಕವಾಗಿತ್ತು. ಅದರಲ್ಲಿ ಅಕ್ಕಪಕ್ಕ ಎರಡು ಚಿತ್ರ. ಒಂದರಲ್ಲಿ ಜಪಾನಿನ ಹೆಂಗಸೊಬ್ಬಳು ನಮ್ಮ ಕಡೆ ಬೆನ್ನು ಮಾಡಿ ನಿಂತಿದ್ದಾಳೆ. ಎತ್ತಿ ಕಟ್ಟಿದ ತುರುಬು, ಅದರ ಕೆಳಗೆ ಬಿಳಿ ಕುತ್ತಿಗೆ, ಅಷ್ಟೇ. ಇನ್ನೊಂದು ಯುರೋಪಿನ ಯಾರೋ ಬರೆದದ್ದು. ಅಲ್ಲಿಯೂ ಒಬ್ಬಳು ಹಾಗೇ ಬೆನ್ನು ತಿರುಗಿಸಿದ್ದಾಳೆ, ಅವಳ ಅರ್ಧ ಮೈಯನ್ನು ಚಿತ್ರದ ಅಂಚು ಕತ್ತರಿಸಿಬಿಟ್ಟಿದೆ. ಮಿರ್ಚಿ ತಣ್ಣಗಾಯಿತು. ನಾನು ನೋಡುತ್ತಲೇ ಕೂತಿದ್ದೆ.

ಆಮೇಲೆ ತಿಳಿದ ಕಥೆ ಇನ್ನೂ ಮಜವಾಗಿದೆ. ಆ ಚಿತ್ರಗಳು ಯುರೋಪಿಗೆ ಹೋದದ್ದೂ ಹೀಗೇ ಅಂತೆ, ಪೊಟ್ಟಣದ ಕಾಗದವಾಗಿ. ಜಪಾನಿನಿಂದ ಹಡಗಿನಲ್ಲಿ ಹೊರಟ ಪಿಂಗಾಣಿ ಒಡೆಯದಿರಲಿ ಅಂತ ಅದರ ಸುತ್ತ ಸುತ್ತಿದ್ದ ಹಾಳೆಗಳನ್ನು ಪ್ಯಾರಿಸ್ಸಿನಲ್ಲಿ ಯಾರೋ ಬಿಡಿಸಿ ನೋಡಿದರಂತೆ. ಇದು ಪೂರ್ತಿ ನಿಜವಲ್ಲ, ಬೇರೆ ದಾರಿಯಲ್ಲೂ ಬಂದವು ಅನ್ನುವವರಿದ್ದಾರೆ. ಇರಲಿ. ಮಿರ್ಚಿ ತಿಂದ ಬಾಯಿಗೆ ಮೊದಲನೆಯ ಕಥೆಯೇ ರುಚಿ. ಜಪಾನಿನಲ್ಲಿ ಅವು ಸಾಮಾನ್ಯ ಜನ ಕೊಂಡು ಗೋಡೆಗೆ ಅಂಟಿಸುತ್ತಿದ್ದ ಅಗ್ಗದ ಚಿತ್ರಗಳು, ನಮ್ಮಲ್ಲಿ ಕ್ಯಾಲೆಂಡರ್ ಇದ್ದ ಹಾಗೆ. ಯುರೋಪಿನ ದೊಡ್ಡ ದೊಡ್ಡ ಚಿತ್ರಗಾರರು ಅವನ್ನು ಹುಡುಕಿ ಹುಡುಕಿ ಕೂಡಿಹಾಕಿದರು. ಒಬ್ಬ ಪುಣ್ಯಾತ್ಮನಂತೂ ಹೂ ಬಿಟ್ಟ ಗಿಡದ ಚಿತ್ರವನ್ನು ನಕಲು ಮಾಡುವಾಗ, ತನಗೆ ಒಂದಕ್ಷರ ಓದಲು ಬಾರದ ಜಪಾನೀ ಬರಹವನ್ನೂ ಅಂಚಿಗೆ ಬರೆದುಕೊಂಡ. ನಗಬೇಡಿ. ನಮ್ಮ ಬಳ್ಳಾರಿಯಲ್ಲಿ ಹೊಲಿಯುವ ಜೀನ್ಸ್ ಪ್ಯಾಂಟಿನ ಹಿಂಭಾಗದಲ್ಲಿ ಯಾವ ಭಾಷೆಯಲ್ಲಿ ಏನು ಬರೆದಿದೆ ಅಂತ ಹಾಕಿಕೊಂಡವನಿಗೂ ಗೊತ್ತಿಲ್ಲ.

ಇನ್ನೊಂದು ಮಾತು. ಆ ಅಲೆಯ ನೀಲಿ ಇದೆಯಲ್ಲ, ಅದು ಯುರೋಪಿನಿಂದಲೇ ಜಪಾನಿಗೆ ಹೋದ ಬಣ್ಣ. ಅಲ್ಲಿಂದ ಅಲೆಯಾಗಿ ವಾಪಸು ಬಂದಾಗ ಯುರೋಪಿನವರು, ಅಬ್ಬಬ್ಬಾ ಎಂಥ ನೀಲಿ ಅಂತ ಬೆರಗಾದರು. ನಮ್ಮ ಹತ್ತಿ ಎಲ್ಲೆಲ್ಲೋ ಹೋಗಿ ಬಟ್ಟೆಯಾಗಿ ಬ್ರೂಸ್‌ಪೇಟೆಗೇ ಬಂದಾಗ ನಾವು, ಫಾರಿನ್ ಮಾಲು ಅಂತ ಮುಟ್ಟಿ ಮುಟ್ಟಿ ನೋಡುವುದಿಲ್ಲವೇ?

ಅವರು ಏನು ಕಲಿತರು ಅಂದರೆ, ನೆರಳು ಬಿಡುವುದನ್ನು ಕಲಿತರು. ಒಂದು ಗಟ್ಟಿ ಗೆರೆ, ಒಳಗೆ ಒಂದೇ ಸಮ ಬಣ್ಣ. ಮುಖ್ಯವಾದದ್ದು ನಡುವೆಯೇ ಇರಬೇಕಾಗಿಲ್ಲ, ಪಕ್ಕಕ್ಕೆ ಸರಿದರೂ ನಡೆಯುತ್ತದೆ. ಮನುಷ್ಯರು ಚಿತ್ರದೊಳಗೆ ಅರ್ಧ, ಹೊರಗೆ ಅರ್ಧ ಇರಬಹುದು. ಖಾಲಿ ಜಾಗ ಖಾಲಿಯಾಗಿಯೇ ಇರಲಿ. ಹೇಳಿದರೆ ಇಷ್ಟೇ, ಆದರೆ ಅವರಿಗೆ ಇದು ಹೊಸ ಜನ್ಮವೇ ಆಯಿತು. ಇದೆಲ್ಲ ಆಗಿ ಎಷ್ಟೋ ಕಾಲವಾದ ಮೇಲೆ, ಬಳ್ಳಾರಿಯ ಸುಡುಬಿಸಿಲಿನಲ್ಲಿ ನಾನು ಏನು ಕಲಿಯುತ್ತಿದ್ದೆ? ನೆರಳು! ನಮ್ಮ ಡ್ರಾಯಿಂಗ್ ಮಾಸ್ತರು ಮದರಾಸಿನಲ್ಲಿ ಕಲಿತು ಬಂದವರು. ಒಂದು ಕೊಡ, ಎರಡು ಬದನೆಕಾಯಿ ಮುಂದಿಟ್ಟು, "ಶೇಡ್ ಕೊಡ್ರಲೇ, ಶೇಡ್! ನೆರಳಿಲ್ಲದ್ದು ದೆವ್ವಲೇ, ಮನಷ್ಯಾ ಅಲ್ಲ" ಅಂತ ತಲೆಗೆ ಮೊಟಕುತ್ತಿದ್ದರು. ಯುರೋಪಿನವರು ಬಿಟ್ಟ ನೆರಳನ್ನು ನಾವು ಹೀಗೆ ಮೊಟಕಿಸಿಕೊಂಡು ಕಲಿತೆವು. ಪಕ್ಕದ ಸಂಗನಕಲ್ಲಿನ ಗುಡ್ಡದಲ್ಲಿ ಬಂಡೆ ಕುಟ್ಟಿ ಗೂಳಿ ಬರೆದ ಹಳೆಯ ಕಾಲದವರು ಮಾತ್ರ ನೆರಳಿನ ಗೊಡವೆಗೇ ಹೋಗಿರಲಿಲ್ಲ. ಅವರಿಗೆ ಪರೀಕ್ಷೆ ಇರಲಿಲ್ಲ, ಪುಣ್ಯವಂತರು.

ಕಲಿತ ನೆರಳು ಕೈ ಬಿಡಲಿಲ್ಲ. ಸಣ್ಣ ಊರಿನ ಡ್ರಾಯಿಂಗ್ ಮಾಸ್ತರನಿಗೆ ಪಾಠದ ಜೊತೆಗೆ ಇನ್ನೊಂದು ಉದ್ಯೋಗ ತಾನಾಗಿಯೇ ಅಂಟಿಕೊಳ್ಳುತ್ತದೆ. ಸತ್ತವರ ಚಿತ್ರ ಬರೆಯುವುದು. ಮಣ್ಣು ಮಾಡಿ ಬಂದ ಮೇಲೆ ಮನೆಯವರಿಗೆ ನೆನಪಾಗುತ್ತದೆ, ಗೋಡೆಗೆ ಹಾಕಲು ಒಂದು ಫೋಟೋ ಇಲ್ಲ ಅಂತ. ಆಧಾರ್ ಕಾರ್ಡು ಹಿಡಿದು ಬರುತ್ತಾರೆ. ಅದರಲ್ಲಿ ಆ ಮನುಷ್ಯ ಆಗಲೇ ಸತ್ತ ಹಾಗಿರುತ್ತಾನೆ. ಕಣ್ಣಿನ ಗಾಬರಿ ತೆಗೆಯಬೇಕು, ತುಟಿಗೆ ಸ್ವಲ್ಪ ನಗೆ ಕೊಡಬೇಕು. "ಮೈಮ್ಯಾಲೆ ಒಂದು ಕೋಟು ಹಾಕಿಬಿಡ್ರಿ ಸರ" ಅನ್ನುತ್ತಾರೆ. ಜೀವನಪೂರ್ತಿ ಬನಿಯನ್ನಿನಲ್ಲಿ ಇದ್ದವರಿಗೆಲ್ಲ ನಾನು ಕೋಟು ತೊಡಿಸಿದ್ದೇನೆ. ಹೆಂಗಸರಿಗೆ ಜರಿ ಸೀರೆ ಉಡಿಸಿದ್ದೇನೆ. ಕುರುಗೋಡಿನ ಸುತ್ತಮುತ್ತ ಎಷ್ಟು ಗೋಡೆಗಳ ಮೇಲೆ ನನ್ನ ಕೋಟುಗಳಿವೆಯೋ ದೇವರಿಗೇ ಗೊತ್ತು. ಗಾಜಿನ ಮೇಲೆ ಹಣೆಯ ಜಾಗಕ್ಕೆ ಸರಿಯಾಗಿ ಕುಂಕುಮವೋ ವಿಭೂತಿಯೋ ಹಚ್ಚಿ, ಹಾರ ಹಾಕಿ, ಕೈ ಮುಗಿಯುತ್ತಾರೆ. ಹಿಂದಿನಿಂದ ನನಗೆ "ಸತ್ತವರ ಮಾಸ್ತರು" ಅಂತ ಹೆಸರು. ಬೇಜಾರಿಲ್ಲ. ಬೇಜಾರಾಗಲಿಕ್ಕೂ ತ್ರಾಣ ಬೇಕು.

ಹೀಗೆ ಊರವರ ಸತ್ತವರನ್ನೆಲ್ಲ ಗೋಡೆಗೇರಿಸಿದ ನನ್ನಿಂದ ಒಂದೇ ಒಂದು ಚಿತ್ರ ಆಗಿರಲಿಲ್ಲ. ನಮ್ಮ ಅವ್ವನದು. ಕೇಳಿದವಳು ನನ್ನ ಅಕ್ಕ ಹುಲಿಗೆಮ್ಮ. ಸಿರುಗುಪ್ಪದಲ್ಲಿ ಅಕ್ಕಿ ಗಿರಣಿಗಳ ಹಿಂದಿನ ಓಣಿಯಲ್ಲಿ ಅವಳ ಮನೆ. ನಮಗಿಬ್ಬರಿಗೂ ತವರು ಅಂದರೆ ರಾರಾವಿ, ಆದರೆ ಅಲ್ಲಿ ಈಗ ನಮ್ಮವರು ಯಾರೂ ಇಲ್ಲ. ಅಕ್ಕನಿಗೆ ಶುಗರ್ ಬಂದು ಕಣ್ಣಿಗೆ ಇಳಿದಿದೆ. ದೊಡ್ಡ ಆಸ್ಪತ್ರೆಯ ಡಾಕ್ಟರು, ದೃಷ್ಟಿ ಇದ್ದಷ್ಟು ದಿನ ಇರುತ್ತದೆ ಅಂದುಬಿಟ್ಟಿದ್ದಾರೆ.

"ಪೂರಾ ಕತ್ತಲಾಗೂದ್ರೊಳಗ ಅವ್ವನ್ನ ಒಮ್ಮಿ ನೋಡ್ತೀನೋ ತಮ್ಮಾ" ಅಂತ ಅಕ್ಕ ಫೋನಿನಲ್ಲಿ ಹೇಳಿದ ರಾತ್ರಿ ಮಾತ್ರ ನನಗೆ ನಿದ್ದೆ ಹತ್ತಲಿಲ್ಲ.

ಅವ್ವನ ಫೋಟೋ ಅಂತ ಇರುವುದು ಒಂದೇ. ಅದೂ ಅವ್ವನದಲ್ಲ, ಟ್ರ್ಯಾಕ್ಟರಿನದು. ಅವ್ವ ಕೂಲಿಗೆ ಹೋಗುತ್ತಿದ್ದ ಹೊಲದ ಗೌಡರು ಹೊಸ ಟ್ರ್ಯಾಕ್ಟರ್ ತಂದಾಗ ಬಳ್ಳಾರಿಯಿಂದ ಫೋಟೋದವನನ್ನು ಕರೆಸಿದ್ದರು. ನಡುವೆ ಟ್ರ್ಯಾಕ್ಟರು, ಅದರ ಹಣೆಗೆ ಕುಂಕುಮ, ಕೊರಳಿಗೆ ಹಾರ. ಪಕ್ಕದಲ್ಲಿ ಪೇಟ ಸುತ್ತಿದ ಗೌಡರು. ಬಲಗಡೆಯ ಅಂಚಿನಲ್ಲಿ, ಸೊಂಟದ ಮೇಲೆ ಕೊಡ ಇಟ್ಟುಕೊಂಡು, ನಮ್ಮ ಕಡೆ ಬೆನ್ನು ಮಾಡಿ, ಅತ್ತ ನಡೆದುಹೋಗುತ್ತಿರುವವಳು ಅವ್ವ. ಒಂದು ತೋಳು, ಒಂದು ಹಿಮ್ಮಡಿ ಫೋಟೋದಿಂದ ಆಚೆಗೆ ಹೋಗಿವೆ. ಸೆರಗು ಹೆಗಲಿಗೆ ಜಾರಿ ತುರುಬು ಕಾಣುತ್ತಿದೆ. ಮುಖವಿಲ್ಲ. ಫೋಟೋ ತೆಗೆಯುತ್ತಿದ್ದಾರೆ ಅಂತ ಅವ್ವನಿಗೆ ಗೊತ್ತೇ ಇರಲಿಲ್ಲವೋ, ಗೊತ್ತಿದ್ದೂ ನೀರು ಮುಖ್ಯವಾಗಿತ್ತೋ.

ನೆನಪಿನಿಂದ ಮುಖ ಬರೆಯಲು ಕೂತೆ. ಮೂಗು ಬರೆದರೆ ಅದು ನನ್ನ ಮೂಗು. ಕಣ್ಣು ಬರೆದರೆ ಹಿಂದಿನ ವಾರ ಬರೆದ ಯಾರದೋ ಅಜ್ಜಿಯ ಕಣ್ಣು. ಅಂತೂ ಶೇಡು ಕೊಟ್ಟು, ತಿದ್ದಿ, ಉಜ್ಜಿ, ಒಂದನ್ನು ಸಿರುಗುಪ್ಪಕ್ಕೆ ಒಯ್ದೆ. ಅಕ್ಕ ಕಾಗದವನ್ನು ಮೂಗಿನ ತುದಿಗೆ ಹಿಡಿದು ನೋಡಿದಳು.

"ಕುಂಕುಮ ಎಲ್ಲೋ?"

"ಅವ್ವ ಹಚ್ಕೊಂತಿರಲಿಲ್ಲಲ್ಲಕ್ಕಾ."

"ನಿನ್ನ ಅವ್ವ ಹಚ್ಕೊಂತಿರಲಿಲ್ಲ. ನನ್ನ ಅವ್ವ ಕಾಸಿನಗಲ ಹಚ್ಕೊಂತಿದ್ಲು. ತುರುಬಿನ ತುಂಬ ಹೂವು ಇರ್ತಿತ್ತು. ನಾನ ಮುಡಸ್ತಿದ್ದೆ."

ಅವಳು ಹೇಳಿದ್ದು ಸರಿ. ಅಪ್ಪ ಹೋದಾಗ ನಾನಿನ್ನೂ ಅಂಬೆಗಾಲಿಡುತ್ತಿದ್ದೆ. ಅಕ್ಕ ಆಗಲೇ ಹೂವು ಕಟ್ಟುವ ಹುಡುಗಿ. ಒಂದೇ ಹೊಟ್ಟೆಯಲ್ಲಿ ಹುಟ್ಟಿದರೂ ನಾವು ನೋಡಿದ ಅವ್ವಂದಿರು ಬೇರೆ ಬೇರೆ. ಮುಂದಿನ ಸಲ ಕುಂಕುಮ ಇಟ್ಟು ಬರೆದೊಯ್ದೆ. ಅದು ನನಗೆ ಯಾರೋ ಪರಿಚಯವಿಲ್ಲದ ಮುತ್ತೈದೆಯ ಹಾಗೆ ಕಂಡಿತು. ಅಕ್ಕನಿಗೆ ಅದೂ ಕಾಣಲಿಲ್ಲ. ಬೆಳಕಿಗೆ ಹಿಡಿದಳು, ದೂರ ಹಿಡಿದಳು, ಕೊನೆಗೆ ತೊಡೆಯ ಮೇಲೆ ಇಟ್ಟುಬಿಟ್ಟಳು.

"ಬರೇ ಮಸಿ ಮೆತ್ತಿದಂಗ ಕಾಣತೈತೋ. ಮುಖ ಎಲ್ಲಿ, ಕತ್ತಲಿ ಎಲ್ಲಿ, ಗೊತ್ತಾಗವಲ್ದು." ಆಮೇಲೆ ಅಡುಗೆಮನೆಯ ಕಡೆ ಕೈ ತೋರಿಸಿದಳು. ಅಲ್ಲಿ ಪರದೆಯ ಬದಲು ಒಂದು ಅಕ್ಕಿ ಚೀಲ ಬಿಚ್ಚಿ ತೂಗುಹಾಕಿದ್ದರು. ಅದರ ಮೇಲೆ ಗಿರಣಿಯವರ ಗುರುತು, ಒಂದು ಹಸಿರು ಗಿಳಿ. "ಆ ಗಿಳಿ ನೋಡು, ಇಲ್ಲೇ ಕುಂತ್ರೂ ಕಾಣತೈತಿ. ಕೆಂಪು ಮೂಗು ಸೈತ. ಅವ್ವ ಕಾಣಂಗಿಲ್ಲ. ಹೋಗ್ಲಿ ಬಿಡು, ನನ್ನ ಹಣಿಬರಹ."

ಅವಳು ಅಳಲಿಲ್ಲ. ಅತ್ತಿದ್ದರೆ ನನಗೆ ಇಷ್ಟು ಸಂಕಟ ಆಗುತ್ತಿರಲಿಲ್ಲ. ವಾಪಸು ಬಸ್ಸಿನಲ್ಲಿ ದಾರಿಯುದ್ದಕ್ಕೂ ಭತ್ತದ ಗದ್ದೆಗಳನ್ನು ನೋಡುತ್ತ, ಇಷ್ಟು ವರ್ಷ ಕಲಿಸಿದ್ದು, ಬರೆದದ್ದು ಎಲ್ಲ ದಂಡ ಅನ್ನಿಸಿ, ಕಿಟಕಿಗೆ ತಲೆ ಕೊಟ್ಟು ಕೂತೆ. ಅಕ್ಕಿ ಚೀಲದ ಗಿಳಿ ನನ್ನ ಅವ್ವನನ್ನು ಸೋಲಿಸಿತ್ತು.

ಮರುದಿನ ಭಾನುವಾರ. ಮಧ್ಯಾಹ್ನ ಕರೆಂಟು ಹೋಗಿ, ಸೆಕೆ ತಡೆಯದೆ ಬಾಗಿಲಲ್ಲಿ ಬಂದು ಕೂತೆ. ಕಾಲ ಮುಂದೆ ಅದೇ ಅಲೆ. ಸುಮ್ಮನೆ ನೋಡುತ್ತಿದ್ದವನಿಗೆ ಸಿಟ್ಟು ಬಂತು, ನನ್ನ ಮೇಲೇ. ಅಷ್ಟು ದೊಡ್ಡ ಬೆಟ್ಟ ಅಲೆಯ ಕೆಳಗೆ ಇಷ್ಟೇ ಇಷ್ಟಾಗಿ ಕೂತಿದೆ, ಆದರೂ ಕಣ್ಣಿಗೆ ಬೀಳದೆ ಇರುವುದಿಲ್ಲ. ಎಲ್ಲೂ ನೆರಳಿನ ಗೊಂದಲವಿಲ್ಲ. ಗೆರೆ, ಬಣ್ಣ, ಖಾಲಿ ಜಾಗ. ಇದು ಗೊತ್ತಿಲ್ಲದ ವಿಷಯವೇ? ಮಿರ್ಚಿ ಕಾಗದದ ಕಾಲದಿಂದ ಗೊತ್ತು. ಪ್ಯಾರಿಸ್ಸಿನಲ್ಲಿದ್ದ ಹೆಂಗಸೊಬ್ಬಳು ಇದೇ ಜಪಾನೀ ಗೆರೆಯಲ್ಲಿ ತಾಯಿ ಮಗುವಿಗೆ ನೀರು ಹಾಕುವ ಚಿತ್ರ ಮಾಡಿದ್ದು ಗೊತ್ತು. ಮಕ್ಕಳಿಗೆ ವರ್ಷಾ ವರ್ಷಾ ಹೇಳುತ್ತಲೇ ಬಂದಿದ್ದೇನೆ. ನನ್ನ ಕೈಗೆ ಮಾತ್ರ ಯಾರೂ ಹೇಳಿರಲಿಲ್ಲ.

ಎದ್ದು ಟ್ರ್ಯಾಕ್ಟರ್ ಫೋಟೋ ತೆಗೆದೆ. ಟ್ರ್ಯಾಕ್ಟರು ಬೇಡ, ಗೌಡರೂ ಬೇಡ. ಅವ್ವ ಎಲ್ಲಿದ್ದಳೋ ಅಲ್ಲೇ ಇರಲಿ, ಬಲಗಡೆಯ ಅಂಚಿನಲ್ಲಿ, ಅರ್ಧ ಆಚೆಗೆ ಹೋಗಿ. ಉಳಿದ ಜಾಗವೆಲ್ಲ ಹಸಿರು ಗದ್ದೆ, ಒಂದೇ ಹಸಿರು. ಮೇಲೆ ಬಿಸಿಲಿನ ಹಳದಿ. ಸೀರೆಗೆ ಆ ಅಲೆಯ ನೀಲಿ, ಅವ್ವ ಉಡುತ್ತಿದ್ದದ್ದೂ ನೀಲಿಯೇ. ಕೊಡ, ಬೆನ್ನು, ತುರುಬು, ಎಲ್ಲಕ್ಕೂ ಬೆರಳಷ್ಟು ದಪ್ಪದ ಕಪ್ಪು ಗೆರೆ. ತುರುಬಿನಲ್ಲಿ ಹೂವು ಬರೆಯಲೇ ಅಂತ ಒಂದು ಗಳಿಗೆ ಯೋಚಿಸಿದೆ. ಬರೆಯಲಿಲ್ಲ. ನಾನು ನೋಡದ ಹೂವನ್ನು ಬರೆದರೆ ಮತ್ತೆ ಕೋಟು ತೊಡಿಸಿದ ಹಾಗೇ. ನಮ್ಮ ಮಾಸ್ತರು ಇದ್ದಿದ್ದರೆ ತಲೆಗೆ ಮೊಟಕಿ ದೆವ್ವ ಅನ್ನುತ್ತಿದ್ದರು. ದೆವ್ವವಾದರೂ ಸರಿ, ಬರಲಿ ಅನ್ನಿಸಿತು.

ಫ್ರೇಮು ಹಾಕಿಸಲು ಬ್ರೂಸ್‌ಪೇಟೆಗೆ ಒಯ್ದರೆ ಅಂಗಡಿಯವನು ಚಿತ್ರವನ್ನು ಅತ್ತ ಇತ್ತ ತಿರುಗಿಸಿ ನೋಡಿ ಮರುಗಿದ.

"ಸರ, ಅಮ್ಮಾರು ಪಕ್ಕಕ್ಕ ಸರದಾರ. ಮಿಸ್ಟೇಕ್ ಆಗೇತಿ. ಈ ಕಡಿ ಖಾಲಿ ಜಾಗ ಕಟ್ ಮಾಡಿ ಮಧ್ಯಕ್ಕ ತರ್ತೀನಿ ಬಿಡ್ರಿ."

"ಬ್ಯಾಡಪ್ಪಾ, ಹಂಗ ಇರ್ಲಿ."

"ಮುಖಾನೂ ಆ ಕಡಿ ಐತಲ್ರಿ?"

"ಆ ಕಡಿನ ಐತಿ."

ಅವನು ಅಳತೆ ತೆಗೆದುಕೊಂಡ. ಮಾಸ್ತರಿಗೆ ವಯಸ್ಸಾಯಿತು ಅಂದುಕೊಂಡಿರಬೇಕು.

ಸಿರುಗುಪ್ಪಕ್ಕೆ ಒಯ್ದ ದಿನ ಶುಕ್ರವಾರ. ಅಕ್ಕ ದೇವರ ಪೂಜೆಗೆ ಕೂತಿದ್ದಳು. ಮುಂದೆ ಮಲ್ಲಿಗೆ ಮಾಲೆ, ಕುಂಕುಮದ ಭರಣಿ. ನಾನು ಚಿತ್ರವನ್ನು ಗೋಡೆಗೆ ಆನಿಸಿ ನಿಲ್ಲಿಸಿದೆ. ಮುಖ ನೋಡಬೇಕು ಅಂದವಳಿಗೆ ಬೆನ್ನು ತಂದುಕೊಟ್ಟಿದ್ದೆ. ಅಕ್ಕ ಕೂತಲ್ಲಿಂದಲೇ ಕಣ್ಣು ಕಿರಿದು ಮಾಡಿದಳು.

"ಗದ್ದಿ ಐತಿ" ಅಂದಳು. "ಕೊಡ ಐತಿ." ಚಿತ್ರದ ಹತ್ತಿರಕ್ಕೆ ಸರಿದಳು. "ಲೇ, ಅವ್ವ ಹೊಂಟಾಳಲ್ಲೋ! ಹಿಂಗ ಹೋಗ್ತಿದ್ಲು. ಎಡಕ್ಕ ವಾಲಿ ಹಿಂಗ ಹೋಗ್ತಿದ್ಲು."

ಅವಳಿಗೆ ಕಂಡಿತ್ತು.

ಅಭ್ಯಾಸದಂತೆ ಅಕ್ಕ ಕುಂಕುಮದಲ್ಲಿ ಬೆರಳದ್ದಿದಳು. ಗಾಜಿನ ಹತ್ತಿರ ತಂದಳು. ಬೆರಳು ಅಲ್ಲೇ ನಿಂತಿತು. ಹಣೆ ಇರಲಿಲ್ಲ. ನಾನು ಇದನ್ನು ಯೋಚಿಸಿಯೇ ಇರಲಿಲ್ಲ ನೋಡಿ. ಕುರುಗೋಡಿನಲ್ಲಿ ಅಷ್ಟು ಮನೆಗಳಿಗೆ ಹಣೆ ಬರೆದುಕೊಟ್ಟವನು, ನನ್ನ ಅವ್ವನ ಚಿತ್ರಕ್ಕೆ ಕುಂಕುಮ ಹಚ್ಚುವ ಜಾಗವನ್ನೇ ಇಟ್ಟಿರಲಿಲ್ಲ. "ಅಕ್ಕಾ, ಅದು..." ಅಂತ ಏನೋ ಹೇಳಲು ಹೋದೆ.

"ಸುಮ್ಕಿರು" ಅಂದಳು. ಬೆರಳನ್ನು ಸೆರಗಿಗೆ ಒರೆಸಿಕೊಂಡಳು. ಗಾಜಿನ ಮೇಲೆ ಕೈಯಾಡಿಸುತ್ತ ಬಲಗಡೆಗೆ ಹೋಗಿ, ಆ ದಪ್ಪ ಗೆರೆಯ ತುರುಬಿನ ಮೇಲೆ ನಿಂತಳು. ತುರುಬು ಫ್ರೇಮಿಗೆ ತಾಗಿಕೊಂಡೇ ಇತ್ತಲ್ಲ. ಮಲ್ಲಿಗೆಯನ್ನು ಒಂದು ಮೊಳ ಹರಿದು, ಮಡಿಚಿ, ಗಾಜಿಗೂ ಫ್ರೇಮಿನ ಕಟ್ಟಿಗೆಗೂ ನಡುವಿನ ಸಂದಿಯಲ್ಲಿ ಸಿಕ್ಕಿಸಿದಳು. ಹೂವು ಇಳಿದು ತುರುಬಿನ ಮೇಲೆ ಸರಿಯಾಗಿ ಕೂತಿತು.

"ಹೂ ಮುಡಸಬೇಕಂದ್ರ ಹಿಂದ ನಿಂದ್ರಬೇಕೋ, ಮಂಕ" ಅಂದಳು, ಕೈ ಅಲ್ಲಿಂದ ತೆಗೆಯದೆ. "ಅಪ್ಪ ಹೋದ ಮ್ಯಾಲೆ ಎಷ್ಟು ಕಾಡಿದ್ರೂ ಮುಡಸಾಕ ಬಿಡಲಿಲ್ಲ ಈಕಿ. ತಿರುಗಿ ತಿರುಗಿ ಬ್ಯಾಡವ್ವಾ ಅಂತಿದ್ಲು. ಈಗ ಬ್ಯಾಡನ್ನಾಕರ ತಿರುಗ್ತಾಳೇನು, ನೋಡೂನು."